ಗೆದ್ದಲೋ ಕುಟ್ಟೆಯೋ, ಮೊದಲು ನೋಡಿ

ಕೇಳುಗರಿಗೆ ನಮಸ್ಕಾರ.

ಮುಂಗಾರಿನ ಮೊದಲ ಮಳೆಗಳ ಸಂಜೆ ದೀಪಕ್ಕೆ ಮಳೆಹುಳು ಮುತ್ತುತ್ತವೆ, ಬೆಳಗಾದರೆ ನೆಲದ ತುಂಬ ರೆಕ್ಕೆ. ಇವು ರೆಕ್ಕೆ ಬಂದ ಗೆದ್ದಲುಗಳೇ. ಹೊರಗಿನಿಂದ ಬೆಳಕಿಗೆ ಹಾರಿಬಂದಿದ್ದರೆ ಗುಡಿಸಿ ಹಾಕಿದರೆ ಸಾಕು. ಬಾಗಿಲ ಚೌಕಟ್ಟಿನ ಸಂದಿಯಿಂದಲೇ ಹೊರಟಿದ್ದರೆ ಮಾತ್ರ ಎಚ್ಚರವಾಗಬೇಕು.

ಮರ ಹಾಳಾಯಿತೆಂದರೆ ನಮ್ಮಲ್ಲಿ ಎಲ್ಲದಕ್ಕೂ ಒಂದೇ ಮದ್ದು, ಸೀಮೆಎಣ್ಣೆ. ಅದರ ಮೇಲೆ ನನಗೆ ಸಿಟ್ಟಿದೆ. ಗೋಡೆಯ ಮೇಲೆ ಪೆನ್ಸಿಲ್ ದಪ್ಪದ ಮಣ್ಣಿನ ಕೊಳವೆ ಹತ್ತಿದ್ದರೆ ಅದು ಗೆದ್ದಲು, ಕರಾವಳಿಯವರ ಒರಲೆ. ಸೀಮೆಎಣ್ಣೆ ತಾಗಿದಷ್ಟು ಹುಳು ಸಾಯುತ್ತವೆ. ರಾಣಿ ಮಣ್ಣಿನೊಳಗೆ ಸುಖವಾಗಿ ಮೊಟ್ಟೆ ಇಡುತ್ತಿರುತ್ತಾಳೆ. ಕೊಳವೆಯನ್ನು ಎರಡು ಇಂಚು ಒಡೆದು ಬಿಡಿ. ಒಂದೆರಡು ದಿನಗಳಲ್ಲಿ ಹಸಿಮಣ್ಣಿನ ತೇಪೆ ಬಿದ್ದರೆ ಒಳಗೆ ಓಡಾಟ ಇದೆ ಎಂದೇ ಅರ್ಥ. ಬಚ್ಚಲಿನ ಸೋರುವ ಪೈಪು, ಗೋಡೆಗೆ ಒತ್ತಿ ಪೇರಿಸಿದ ಸೌದೆ, ಅಟ್ಟದ ರಟ್ಟಿನ ಪೆಟ್ಟಿಗೆ, ಇವನ್ನು ಮೊದಲು ಸರಿಮಾಡಿ. ಆಮೇಲೆ ತಿಳಿದವರಿಂದ ಗೋಡೆ ನೆಲ ಕೂಡುವಲ್ಲಿ ಅಡಿಗೊಂದರಂತೆ ತೂತು ಕೊರೆಸಿ ಮಣ್ಣಿಗೆ ಔಷಧ ಬಿಡಿಸಬಹುದು. ಅಂಗಳದಲ್ಲಿ ಬಾವಿ ಇದ್ದರೆ ಅದನ್ನು ಮುಂಚೆಯೇ ಹೇಳಿ.

ಮರ ಕೊರೆಯುವ ಸಣ್ಣ ದುಂಬಿ ಕುಟ್ಟೆಯ ಸಂಗತಿ ಬೇರೆ. ಮಣ್ಣಿನ ಸುಳಿವೇ ಇರುವುದಿಲ್ಲ. ಮಂಚದ ಕೆಳಗೆ ಅಕ್ಕಿಹಿಟ್ಟಿನಂತಹ ಪುಡಿ, ಮರದಲ್ಲಿ ಒಂದೆರಡು ಮಿಲಿಮೀಟರಿನ ದುಂಡು ತೂತು. ಮರದ ಬಿಳಿಭಾಗದಲ್ಲಿರುವ ಪಿಷ್ಟವೇ ಇದರ ಊಟ. ತೇಗ, ಹಲಸಿನ ಚೇಗಿನ, ಅಂದರೆ ಒಳಗಿನ ಗಟ್ಟಿ ಮರದ, ಗೊಡವೆಗೆ ಹೋಗುವುದಿಲ್ಲ. ರಬ್ಬರ್ ಮರ, ಬಿದಿರು ಎಂದರೆ ಹಬ್ಬ. ತೂತಿಗೆ ಎಣ್ಣೆ ಬಿಡುವವರಿದ್ದಾರೆ. ಆ ತೂತು ಬೆಳೆದ ದುಂಬಿ ಹೊರಗೆ ಹೋದ ದಾರಿ. ಮರ ತಿನ್ನುವ ಮರಿಹುಳುಗಳು ಉಳಿದಿದ್ದರೆ ಒಳಗೆಲ್ಲೋ ಇರುತ್ತವೆ. ಪುಡಿ ಒರೆಸಿ, ಕೆಳಗೆ ಕಪ್ಪು ಕಾಗದ ಹಾಸಿ ಕೆಲವು ವಾರ ನೋಡಿ. ಮಂಚ ಎಳೆದಾಡದೆಯೂ ಹೊಸ ಪುಡಿ ಬಿದ್ದರೆ ಹುಳು ಇನ್ನೂ ಇದೆ.

ಕಣ್ಣಿಗೆ ಕಾಣುವ ಕಡೆಗೆಲ್ಲ ಪಾಲಿಶ್ ಹೊಡೆದು ಮಂಚದ ತಳವನ್ನು ಹಾಗೇ ಬಿಡುವುದು ನಮ್ಮ ಬಡಗಿಗಳ ವಾಡಿಕೆ. ಕುಟ್ಟೆ ಮೊಟ್ಟೆ ಇಡುವುದು ಮುಚ್ಚದ ಮರದ ರಂಧ್ರಗಳಲ್ಲೇ. ಬೋರಾಕ್ಸ್ ಮತ್ತು ಬೋರಿಕ್ ಆಮ್ಲದ ದ್ರಾವಣವನ್ನು ಬರಿಯ ಮರಕ್ಕೆ ಕುಡಿಸಿ, ಒಣಗಿದ ಮೇಲೆ ಎಲ್ಲ ಬದಿಗೂ ಪಾಲಿಶ್ ಹಾಕಿಸಿ. ಹಳೆಯ ಪಾಲಿಶ್ ಉಜ್ಜಿ ತೆಗೆಯದಿದ್ದರೆ ದ್ರಾವಣ ಒಳಗೆ ಇಳಿಯುವುದಿಲ್ಲ. ಮಕ್ಕಳನ್ನು ದೂರ ಇಡಿ. ಮಾಡಿನ ಮರಕ್ಕೆ ಗೇರೆಣ್ಣೆ ಬಳಿಯುವ ಹಿರಿಯರ ಕ್ರಮವೂ ಒಳ್ಳೆಯದೇ, ಆದರೆ ಕೈಗವಸು ಇರಲಿ, ಚರ್ಮ ಸುಡುತ್ತದೆ.

ಇನ್ನು ಔಷಧ ಹೊಡೆಯುವವರು ಬಂದಾಗ ಯಾವ ರಾಸಾಯನಿಕ, ಎಷ್ಟು ವರ್ಷದ ಖಾತರಿ ಎಂದು ಬರೆಸಿಕೊಳ್ಳಿ. ಮಂಚದ ಪುಡಿ ತೋರಿಸಿದ್ದಕ್ಕೆ ನೆಲ ಕೊರೆಯಲು ಹೊರಟವರಿಗೆ ಚಹಾ ಕೊಟ್ಟು ಕಳುಹಿಸಿ. ನಮಸ್ಕಾರ.