ವೈಡೂರ್ಯ ಎಂದರೆ ಯಾವ ಕಲ್ಲು?

ಕೇಳುಗರೆಲ್ಲರಿಗೂ ನಮಸ್ಕಾರ. ನವರತ್ನದ ಉಂಗುರದಲ್ಲಿ ಕೇತುವಿಗೆಂದು ಕೂರಿಸುವ ಕಲ್ಲು ವೈಡೂರ್ಯ. ಅಂಗಡಿಯಲ್ಲಿ ಕೇಳಿ ನೋಡಿ, ನಡುವೆ ಬೆಳ್ಳಿಗೆರೆ ಓಡಾಡುವ ಕ್ಯಾಟ್ಸ್ ಐ ತೆಗೆದು ತೋರಿಸುತ್ತಾರೆ. ಅಸಲಿಯಾದರೆ ಅದು ಕ್ರೈಸೊಬೆರಿಲ್ ಎಂಬ ಕಲ್ಲು. ಆದರೆ ಹೆಸರು ಹುಟ್ಟಿದ್ದು ಬೆರಿಲ್ ಎಂಬ ಬೇರೆ ಕಲ್ಲಿಗೆ. ಪಚ್ಚೆಯೂ ಬೆರಿಲ್ಲೇ, ಅಕ್ವಮರೀನೂ ಬೆರಿಲ್ಲೇ. ಇಷ್ಟನ್ನು ಮಾತ್ರ ಮರೆಯಬೇಡಿ: ಹಳೆಯ ವೈಡೂರ್ಯ ಎಂದರೆ ಬೆರಿಲ್.

ಪದದ ಮೂಲವೇನು? ವ್ಯಾಕರಣಕಾರ ಪಾಣಿನಿಯ ಸೂತ್ರದ ಪ್ರಕಾರ ವಿದೂರ ಎಂಬ ಜಾಗದಿಂದ ಬಂದದ್ದು ವೈಡೂರ್ಯ. ಇಲ್ಲೊಂದು ಸೊಗಸಾದ ಜಗಳವಿದೆ. ಪಾಣಿನಿಗೆ ಪತಂಜಲಿ ಬರೆದ ವ್ಯಾಖ್ಯಾನ ಮಹಾಭಾಷ್ಯದಲ್ಲಿ ಒಬ್ಬ ಆಕ್ಷೇಪ ಎತ್ತುತ್ತಾನೆ: ಕಲ್ಲು ಸಿಗುವುದು ವಾಲವಾಯ ಬೆಟ್ಟದಲ್ಲಿ, ವಿದೂರದಲ್ಲಿ ಅದಕ್ಕೆ ಸಂಸ್ಕಾರ ಮಾತ್ರ ನಡೆಯುತ್ತದೆ, ಅಲ್ಲಿಂದ ಬಂದದ್ದು ಅನ್ನುವುದು ಹೇಗೆ? ಅದಕ್ಕೆ ಉತ್ತರ: ವ್ಯಾಪಾರಿಗಳು ವಾರಾಣಸಿಯನ್ನು 'ಜಿತ್ವರೀ' ಅನ್ನುವುದಿಲ್ಲವೇ? ಹಾಗೆಯೇ ವೈಯಾಕರಣರು ವಾಲವಾಯವನ್ನೇ 'ವಿದೂರ' ಅನ್ನುತ್ತಾರೆ, ಬಿಡಿ! ಎರಡು ಸಾವಿರ ವರ್ಷಗಳ ಹಿಂದೆಯೇ ಗಣಿ ಯಾವುದು, ಸಾಣೆ ಹಿಡಿಯುವ ಊರು ಯಾವುದು ಎಂಬ ತಕರಾರು ನೋಡಿ. ಜನರ ಬಾಯಲ್ಲಿ, ಪಾಲಿ ಗ್ರಂಥಗಳಲ್ಲಿ ಇದು ವೇಳುರಿಯ. ಅದೇ ಗ್ರೀಕರಿಗೆ ಬೆರುಲ್ಲೋಸ್ ಆಯಿತು, ಅಲ್ಲಿಂದ ಬೆರಿಲ್. ಜರ್ಮನರು ಕನ್ನಡಕಕ್ಕೆ 'ಬ್ರಿಲ್ಲೆ' ಅನ್ನುವುದೂ ಇದರಿಂದಲೇ, ತಿಳಿ ಬೆರಿಲ್ಲನ್ನು ಉಜ್ಜಿ ಮಸೂರ ಮಾಡುತ್ತಿದ್ದರು. ನಮ್ಮ ಪದ ಅವರ ಮೂಗಿನ ಮೇಲೆ ಕೂತಿದೆ! ಕ್ರೈಸೊಬೆರಿಲ್ ಎಂದರೂ ಗ್ರೀಕಿನಲ್ಲಿ 'ಹೊನ್ನಿನ ಬೆರಿಲ್'. ಹೆಸರು ಹತ್ತಿರ, ಕಲ್ಲು ಬೇರೆ.

ಸಮಯ ಓಡುತ್ತಿದೆ, ಅಂಗಡಿಯ ಕ್ಯಾಟ್ಸ್ ಐ ನಿಜಕ್ಕೂ ಕ್ರೈಸೊಬೆರಿಲ್ಲೇ ಎಂದು ನೋಡುವ ಪರೀಕ್ಷೆಯನ್ನು ಬೇಗ ಹೇಳಿಬಿಡುತ್ತೇನೆ. ಉಂಗುರದಿಂದ ಬಿಡಿಸಿದ ಕಲ್ಲೇ ಬೇಕು. ಕ್ಯಾರೆಟ್ ತಕ್ಕಡಿಯಲ್ಲಿ ಮೊದಲು ಹಾಗೇ ತೂಗಿ, ಆಮೇಲೆ ಸಣ್ಣ ತಂತಿಯ ಬುಟ್ಟಿಯಲ್ಲಿ ನೀರಿನಲ್ಲಿ ಮುಳುಗಿಸಿ ತೂಗಿ. ಬುಟ್ಟಿಯ ತೂಕವನ್ನು ನೀರಿನಲ್ಲೇ ನೋಡಿ ಕಳೆಯಿರಿ. ಮೊದಲ ತೂಕವನ್ನು ನೀರಿನಲ್ಲಿ ಕಳೆದುಕೊಂಡ ತೂಕದಿಂದ ಭಾಗಿಸಿದರೆ ಸಾಂದ್ರತೆ. 5 ಕ್ಯಾರೆಟ್ ಅಂದರೆ 1 ಗ್ರಾಂ ಕಲ್ಲು ನೀರಿನಲ್ಲಿ ಸುಮಾರು 1.35 ಕ್ಯಾರೆಟ್ ಕಳೆದುಕೊಂಡರೆ ಸಾಂದ್ರತೆ 3.7, ಕ್ರೈಸೊಬೆರಿಲ್ಲಿಗೆ ಹೊಂದುತ್ತದೆ. 1.85 ಕಳೆದುಕೊಂಡರೆ 2.7, ಅದು ಬೆರಿಲ್ ಇರಬಹುದು, ಅಗ್ಗದ ಸ್ಫಟಿಕವೂ (ಕ್ವಾರ್ಟ್ಸ್) ಇರಬಹುದು; ಕ್ರೈಸೊಬೆರಿಲ್ ಮಾತ್ರ ಅಲ್ಲ. ಅಡುಗೆಮನೆಯ ತಕ್ಕಡಿ ಇದಕ್ಕೆ ಸಾಲದು. ಲೆಕ್ಕ ಕೆಡುವುದು ಗುಳ್ಳೆಯಿಂದ. ಕಲ್ಲಿಗೆ ಅಂಟಿದ ಗಾಳಿಗುಳ್ಳೆ ಅದನ್ನು ಮೇಲಕ್ಕೆತ್ತಿ ತೂಕ ಕಡಿಮೆ ತೋರಿಸುತ್ತದೆ. ನೀರಿಗೆ ಒಂದು ಹನಿ ಸೋಪಿನ ದ್ರವ ಹಾಕಿ, ಕಲ್ಲನ್ನು ಕುಂಚದಿಂದ ಸವರಿ, ಆಮೇಲೆ ತೂಗಿ.

ಮುಂದಿನ ಸಲ ಅಂಗಡಿಯಲ್ಲಿ "ವೈಡೂರ್ಯ ಕೊಡಿ" ಅನ್ನಬೇಡಿ. "ಇದು ಕ್ರೈಸೊಬೆರಿಲ್ಲೋ, ಸ್ಫಟಿಕವೋ?" ಎಂದು ಕೇಳಿ, ಬಿಲ್ಲಿನಲ್ಲಿ ಅದೇ ಪದವನ್ನು ಬರೆಸಿಕೊಳ್ಳಿ. ನಮಸ್ಕಾರ.