ಮಾರ್ಗರೆಟ್ ರುದರ್‌ಫರ್ಡ್: ಗಾಂಭೀರ್ಯದಿಂದ ಹುಟ್ಟಿದ ನಗೆ

ಕೇಳುಗರಿಗೆ ನಮಸ್ಕಾರ. ಬ್ರಿಟನ್ನಿನ ರಂಗಭೂಮಿ ಮತ್ತು ಚಿತ್ರರಂಗ ಕಂಡ ಅಪರೂಪದ ಪೋಷಕ ನಟಿ ಮಾರ್ಗರೆಟ್ ರುದರ್‌ಫರ್ಡ್ ಅವರ ಕಲಾಜೀವನ ಇಂದಿನ ಮಾತಿನ ವಿಷಯ.

1892ರಲ್ಲಿ ಲಂಡನ್ನಿನಲ್ಲಿ ಹುಟ್ಟಿದ ಮಾರ್ಗರೆಟ್ ಅವರನ್ನು ಹೆತ್ತವರು ಹಸುಗೂಸಾಗಿದ್ದಾಗಲೇ ಮದರಾಸಿಗೆ ಕರೆತಂದರು. ತಾಯಿ ಭಾರತದಲ್ಲೇ ತೀರಿಕೊಂಡರು. ತಂದೆ ಮನೋರೋಗದಿಂದ ನರಳಿದವರು. ಹೀಗಾಗಿ ಮಗುವನ್ನು ವಿಂಬಲ್ಡನ್ನಿನಲ್ಲಿ ಸಾಕಿ ಬೆಳೆಸಿದವರು ತಾಯಿಯ ಸೋದರಿ. ಪಿಯಾನೊ ಮತ್ತು ವಾಚನಕಲೆಯ ಪಾಠ ಹೇಳುತ್ತ ಬದುಕಿದ ಮಾರ್ಗರೆಟ್, 1925ರಲ್ಲಿ ಓಲ್ಡ್ ವಿಕ್ ರಂಗಮಂದಿರದಲ್ಲಿ ವೃತ್ತಿನಟಿಯಾಗಿ ಕಾಲಿಟ್ಟಾಗ ಅವರಿಗೆ ಮೂವತ್ತಮೂರು ವರ್ಷ.

ದಪ್ಪ ಮೈಕಟ್ಟು, ಜೋತುಬಿದ್ದ ಗಲ್ಲ, ಅದುರುವ ತುಟಿ ಇವೆಲ್ಲ ನಾಯಕಿಯ ಪಾತ್ರಕ್ಕೆ ಒದಗುವಂಥವಲ್ಲ. ಆದರೆ ಅವರು ಅವುಗಳನ್ನು ಮರೆಮಾಚಲಿಲ್ಲ, ಹಾಸ್ಯದ ಸರಕಾಗಿ ಮಾರಲೂ ಇಲ್ಲ. 1941ರಲ್ಲಿ ನೋಯೆಲ್ ಕವರ್ಡ್ ಅವರ ‘ಬ್ಲೈದ್ ಸ್ಪಿರಿಟ್’ ನಾಟಕದಲ್ಲಿ, ಪ್ರೇತಾತ್ಮಗಳನ್ನು ಕರೆಯುವ ಮದಾಮ್ ಆರ್ಕಾಟಿಯಾಗಿ ಅವರು ಅಭಿನಯಿಸಿದರು. ಅಂಥ ನಂಬಿಕೆಗಳನ್ನು ಹಗುರವಾಗಿ ಕಾಣದ ಅವರು, ಸೈಕಲ್ಲೇರಿ ಬರುವ ಆ ಹೆಂಗಸನ್ನು ತನ್ನ ಕಸುಬಿನಲ್ಲಿ ನಿಷ್ಠೆಯುಳ್ಳ ವ್ಯಕ್ತಿಯನ್ನಾಗಿಯೇ ಕಟ್ಟಿಕೊಟ್ಟರು. ಪಾತ್ರ ತನ್ನನ್ನು ತಾನು ಪೂರ್ತಿಯಾಗಿ ನಂಬಿದ್ದರಿಂದಲೇ ಪ್ರೇಕ್ಷಕರು ನಕ್ಕರು. ನನ್ನ ದೃಷ್ಟಿಯಲ್ಲಿ ಅವರ ಕಲೆಯ ಜೀವಾಳವಿರುವುದು ಇಲ್ಲಿಯೇ. 1945ರಲ್ಲಿ ಡೇವಿಡ್ ಲೀನ್ ಆ ನಾಟಕವನ್ನು ಚಿತ್ರವಾಗಿಸಿದಾಗಲೂ ಪಾತ್ರ ಅವರದ್ದೇ ಆಗಿತ್ತು. ಅದೇ ವರ್ಷ ನಟ ಸ್ಟ್ರಿಂಗರ್ ಡೇವಿಸ್ ಅವರ ಕೈಹಿಡಿದರು.

1961ರಿಂದ 1964ರವರೆಗೆ ನಾಲ್ಕು ಚಿತ್ರಗಳಲ್ಲಿ ಅವರು ಪತ್ತೇದಾರಿಣಿ ಮಿಸ್ ಮಾರ್ಪಲ್ ಆದರು. ಅಗಾಥಾ ಕ್ರಿಸ್ಟಿ ಕಲ್ಪಿಸಿದ ತೆಳ್ಳಗಿನ, ಮೆಲುಮಾತಿನ ಮುದುಕಿಗೂ ತೆರೆಯ ಮೇಲಿನ ಈ ಗಟ್ಟಿಗಿತ್ತಿಗೂ ಹೋಲಿಕೆ ಕಡಿಮೆ. ಆ ಚಿತ್ರಗಳು ಕ್ರಿಸ್ಟಿಯವರಿಗೆ ಹಿಡಿಸದಿದ್ದರೂ, 1962ರ ತಮ್ಮ ಒಂದು ಕಾದಂಬರಿಯನ್ನು ಅವರು ಮೆಚ್ಚುಗೆಯಿಂದ ಈ ನಟಿಗೇ ಅರ್ಪಿಸಿದರು. ‘ದಿ ವಿ.ಐ.ಪಿ.ಸ್’ ಚಿತ್ರದಲ್ಲಿ ಹಣದ ಮುಗ್ಗಟ್ಟಿಗೆ ಸಿಲುಕಿದ ಡಚೆಸ್ ಪಾತ್ರಕ್ಕೆ 1964ರಲ್ಲಿ ಆಸ್ಕರ್ ಬಂತು, 1967ರಲ್ಲಿ ಡೇಮ್ ಪದವಿಯೂ ದೊರೆಯಿತು. 1972ರಲ್ಲಿ ಅವರು ತೀರಿಕೊಂಡರು.

ಹಾಸ್ಯನಟಿಯೆಂಬ ಹೆಸರಿನಲ್ಲಿ ಮರೆಯಾದ ಇನ್ನೊಂದು ಮುಖವೂ ಅವರಿಗಿತ್ತು. 1940ರಲ್ಲಿ ‘ರೆಬೆಕಾ’ ನಾಟಕದಲ್ಲಿ ಮನೆವಾರ್ತೆ ನೋಡಿಕೊಳ್ಳುವ ಕ್ರೂರ ಹೆಂಗಸು ಮಿಸೆಸ್ ಡ್ಯಾನ್ವರ್ಸ್ ಆಗಿದ್ದವರೂ ಅವರೇ. ಆರ್ಸನ್ ವೆಲ್ಸ್ ಅವರ ‘ಚೈಮ್ಸ್ ಅಟ್ ಮಿಡ್‌ನೈಟ್’ ಚಿತ್ರದಲ್ಲಿ, ಷೇಕ್ಸ್‌ಪಿಯರನ ಫಾಲ್‌ಸ್ಟಾಫ್ ಕೊನೆಯುಸಿರೆಳೆದ ಬಗೆಯನ್ನು ಹೆಂಡದಂಗಡಿಯ ಒಡತಿಯಾಗಿ ಅವರು ವಿವರಿಸುತ್ತಾರೆ. ಕೇಳುಗರಲ್ಲಿ ಅವರನ್ನು ಮಿಸ್ ಮಾರ್ಪಲ್ ಆಗಿ ಮಾತ್ರ ಬಲ್ಲವರು ಆ ದೃಶ್ಯವನ್ನು ತಪ್ಪದೆ ನೋಡಬೇಕೆಂದು ಕೋರುತ್ತೇನೆ. ನಮಸ್ಕಾರ.