ಎಡ ಹೋಳೋ, ಬಲ ಹೋಳೋ?

ಕೇಳುಗರೆಲ್ಲರಿಗೂ ನಮಸ್ಕಾರ. ಕುಕ್ಕರ್ ಇಟ್ಟು ರೇಡಿಯೊ ಹಚ್ಚಿದವರಿದ್ದೀರಿ, ದಾಲ್ ಮಿಲ್ಲಿನ ಕಟ್ಟೆಯ ಮೇಲೆ ಚಹಾ ಕುಡಿಯುತ್ತಾ ಕೇಳುವವರೂ ಇದ್ದೀರಿ. ನಿಮಗಾಗಿಯೇ ಬಂದಿದ್ದೇನೆ. ತತ್ವಶಾಸ್ತ್ರ ಅಂದ ತಕ್ಷಣ ಕೈ ಸ್ಟೇಷನ್ ಬದಲಿಸುವ ಗುಂಡಿಯ ಕಡೆ ಹೋಗುತ್ತದೆ, ಗೊತ್ತು. ಮೂವತ್ತೊಂದು ವರ್ಷ ಕಾಲೇಜಿನಲ್ಲಿ ಅದನ್ನೇ ಕಲಿಸಿ, ಹಿಂದಿನ ಬೆಂಚುಗಳು ಖಾಲಿಯಾಗುವುದನ್ನು ನೋಡಿದವನು ನಾನು. ಹತ್ತು ನಿಮಿಷ ತಡೆಯಿರಿ.

ನನ್ನದು ಒಂದೇ ಮಾತು. ಜಗತ್ತಿನಲ್ಲಿ ಮೊದಲು ಇರುವುದು ಸಂದು. ಎರಡರ ನಡುವಿನ ಸಂದು, ಬಿರುಕಲ್ಲ, ಎರಡೂ ಕೂಡಿಕೊಂಡಿರುವ ಜಾಗ. ಎರಡು ವಸ್ತು ಮೊದಲಿದ್ದು, ಆಮೇಲೆ ಅವು ಕೂಡುತ್ತವೆ ಎಂದು ನಾವೆಲ್ಲ ತಿಳಿದಿದ್ದೇವೆ. ಉಲ್ಟಾ! ಸಂದು ಮೊದಲು. ಅದರ ಎರಡು ಮಗ್ಗುಲಿಗೆ ನಾವು ವಸ್ತು ಎಂದು ಹೆಸರಿಟ್ಟಿದ್ದೇವೆ, ಅಷ್ಟೇ. ಇದಕ್ಕೆ ನಾನು ‘ಸಂದಿನ ಸಿದ್ಧಾಂತ’ ಅನ್ನುತ್ತೇನೆ. ಯಾವ ಗ್ರಂಥದಲ್ಲೂ ಹುಡುಕಬೇಡಿ, ನನ್ನದೇ. ನನ್ನದು ಅಂದೆ, ಅದೂ ಪೂರ್ತಿ ನಿಜವಲ್ಲ, ನನ್ನ ಮುತ್ಯಾನದು, ಅಂದರೆ ಅಜ್ಜನದು.

ಆಳಂದ ತಾಲೂಕಿನ ಹಳ್ಳಿ ನಮ್ಮದು. ನನಗಾಗ ಏಳೋ ಎಂಟೋ ವರ್ಷ. ಮಿರಗ ಮಳೆ ಬಿದ್ದು ಊರಿಗೆ ಊರೇ ಹೊಲದಲ್ಲಿತ್ತು. ಎಲ್ಲರೂ ಬಿತ್ತುವಾಗ ನಾನೊಬ್ಬ ಯಾಕೆ ಸುಮ್ಮನಿರಲಿ? ಅಡುಗೆಮನೆಯ ಡಬ್ಬಿಯಿಂದ ಒಂದು ಬೊಗಸೆ ತೊಗರಿಬೇಳೆ ಕದ್ದು, ಹಿತ್ತಲಲ್ಲಿ ಬಚ್ಚಲ ನೀರು ಹರಿಯುವ ಕಡೆ ಕಡ್ಡಿಯಿಂದ ಸಾಲು ಎಳೆದು ಬಿತ್ತಿದೆ. ಸಿಪ್ಪೆ ಹೊತ್ತ ಕಾಳಿಗಿಂತ ಹಳದಿಯಾಗಿ ಹೊಳೆಯುವ ಬೇಳೆಯೇ ಒಳ್ಳೆಯ ಮಾಲು ಎಂದು ನನ್ನ ಲೆಕ್ಕ. ದಿನಾ ತಂಬಿಗೆ ನೀರು. ಆರನೇ ದಿನ ತಾಳಲಾರದೆ ಕೆದರಿದರೆ, ಬೇಳೆ ಲೋಳೆಯಾಗಿ ಹುಳಿ ವಾಸನೆ ಹೊಡೆಯುತ್ತಿತ್ತು. ಅರ್ಧ ಇರುವೆ ಹೊತ್ತೊಯ್ದಿದ್ದವು. ಆಯಿ ಓಣಿಗೆಲ್ಲ ಕೇಳುವ ಹಾಗೆ ನಕ್ಕಳು: “ನೋಡ್ರೆವ್ವಾ, ನಮ್ಮ ಸಾವ್ಕಾರ ಬ್ಯಾಳಿ ಬಿತ್ಯಾನ!”

ಮುತ್ಯಾ ನಗಲಿಲ್ಲ. ಬೀಜಕ್ಕೆ ಇಟ್ಟ ಚೀಲದಿಂದ ನಾಲ್ಕು ಕಾಳು ತಂದು ನೆನೆ ಹಾಕಿದ. ಬೆಳಿಗ್ಗೆ ಕಟ್ಟೆಯ ಮೇಲೆ ನನ್ನನ್ನು ಕೂರಿಸಿಕೊಂಡು, ಒಂದು ಕಾಳಿನ ಸಿಪ್ಪೆ ಜಾರಿಸಿ, ಹೆಬ್ಬೆರಳ ಉಗುರಿನಿಂದ ನಿಧಾನಕ್ಕೆ ಎರಡು ಹೋಳು ಮಾಡಿದ. ನಡುವೆ, ಒಂದು ಅಂಚಿನಲ್ಲಿ, ಅಕ್ಕಿ ನುಚ್ಚಿಗಿಂತ ಸಣ್ಣದು, ಬೆಳ್ಳಗೆ, ಗಿಣಿಯ ಮೂಗಿನ ಹಾಗೆ ಬಾಗಿದ್ದು. “ಗಿಡ ಬರೋದು ಇದರಾಗಿಂದ. ಬೀಸೋ ಕಲ್ಲಿಗಿ ಹಾಕಿ ಒಡದ್ರ ಇದು ಉದುರಿ ಚುನ್ಯಾಗ ಹೋಗ್ತದ, ದನಾ ತಿಂತಾವ” ಅಂದ. ಚುನ್ನಿ ಅಂದರೆ ಬೇಳೆ ಒಡೆದಾಗ ಉದುರುವ ನುಚ್ಚು, ಪುಡಿ. ಅಷ್ಟಕ್ಕೆ ಬಿಟ್ಟಿದ್ದರೆ ನಾನು ಕೃಷಿ ಇಲಾಖೆ ಸೇರುತ್ತಿದ್ದೆನೋ ಏನೋ. ಬಿಡಲಿಲ್ಲ. “ಹೇಳು ಮಗಾ, ಇದು ಎಡಗಡಿ ಹೋಳಿಂದೋ, ಬಲಗಡಿ ಹೋಳಿಂದೋ?”

ಎಡಗಡಿದು ಅಂದೆ, ಅಲ್ಲೇ ಅಂಟಿತ್ತು. ಇನ್ನೊಂದು ಕಾಳು ಸೀಳಿದ. ಅದರಲ್ಲಿ ಬಲಕ್ಕೆ ಅಂಟಿತ್ತು. ಮೂರನೆಯದರಲ್ಲಿ ಎರಡನ್ನೂ ಬಿಟ್ಟು ಅವನ ಉಗುರಿಗೇ ಬಂತು. ಮುತ್ಯಾ ಧೋತರಕ್ಕೆ ಕೈ ಒರೆಸಿಕೊಂಡು ಎತ್ತು ಹೂಡಲು ಹೋದ. ನನಗೀಗ ಅರವತ್ತೆಂಟು. ಆ ಪ್ರಶ್ನೆ ಇನ್ನೂ ಕಟ್ಟೆಯ ಮೇಲೇ ಕೂತಿದೆ.

ಸಸ್ಯಶಾಸ್ತ್ರದವರನ್ನು ಕೇಳಿ. ಆ ಎರಡು ಹೋಳಿಗೆ ಬೀಜದಳ ಅನ್ನುತ್ತಾರೆ. ಅವು ಮೊಳಕೆಯವೇ ಎಲೆಗಳು, ಅದರ ಬುತ್ತಿ. ಅಂದರೆ ಹೋಳಿಗೆ ಮೊಳಕೆ ಅಂಟಿದ್ದಲ್ಲ, ಮೊಳಕೆಗೆ ಹೋಳು ಅಂಟಿದ್ದು. ಕೇಳಿದಿರಾ? ಸಂದು ಮೊದಲು. 2019ರಲ್ಲಿ ನಮ್ಮ ಕಲಬುರಗಿ ತೊಗರಿಬೇಳೆಗೆ ಜಿಐ ಟ್ಯಾಗ್, ಅಂದರೆ ಇದು ಈ ನೆಲದ್ದೇ ಎನ್ನುವ ಸರ್ಕಾರಿ ಗುರುತು, ಬಂತು, ಸಂತೋಷವೇ. ಆದರೆ ಮಾನ್ಯತೆ ಸಿಕ್ಕಿದ್ದು ಹೋಳುಗಳಿಗೆ. ಸಂದಿನದು ಇನ್ನೂ ಚುನ್ನಿ ಚೀಲದಲ್ಲೇ ಇದೆ.

ಬೇಳೆಯ ಮಾತಲ್ಲೇ ಹೊತ್ತು ಹೋಯಿತು, ಉಳಿದದ್ದನ್ನು ಓಡಿಸುತ್ತೇನೆ. ವೈಶೇಷಿಕರು ಎಂಬ ನಮ್ಮ ಹಳೆಯ ದಾರ್ಶನಿಕರು ಜಗತ್ತನ್ನು ಆರು ಪದಾರ್ಥಗಳಾಗಿ, ಅಂದರೆ ಆರು ಬಗೆಯಾಗಿ, ಎಣಿಸಿದರು: ದ್ರವ್ಯ, ಗುಣ, ಕರ್ಮ, ಸಾಮಾನ್ಯ, ವಿಶೇಷ, ಕಡೆಗೆ ಸಮವಾಯ. ಸಮವಾಯ ಅಂದರೆ ಬಿಡಿಸಲಾಗದ ಕೂಡಿಕೆ. ಅದನ್ನು ಪಂಕ್ತಿಯ ಕೊನೆಗೆ ಕೂರಿಸಿದ್ದರು, ನಾನು ಕೈಹಿಡಿದು ಮೊದಲ ಎಲೆಗೆ ತಂದು ಕೂರಿಸಿದ್ದೇನೆ. ಶಂಕರರು ಬ್ರಹ್ಮಸೂತ್ರ ಭಾಷ್ಯದಲ್ಲಿ ವೈಶೇಷಿಕರನ್ನು ತಡೆದು ಕೇಳಿದರು: ಆ ಸಮವಾಯವನ್ನು ವಸ್ತುವಿಗೆ ಕೂಡಿಸುವುದು ಯಾವುದು? ಇನ್ನೊಂದು ಸಮವಾಯವೇ? ಅದಕ್ಕೆ ಮತ್ತೊಂದೇ? ಪ್ರತಿ ವರ್ಷ ಒಬ್ಬ ಜಾಣ ಹುಡುಗ ಎದ್ದು ನಿಂತು ನನಗೂ ಇದನ್ನೇ ಕೇಳುತ್ತಿದ್ದ. ಕಲ್ಲು ಮೊದಲೇ ಬಿಡಿಬಿಡಿಯಾಗಿದ್ದರೆ ತಾನೇ ಗಾರೆ ಬೇಕು, ಕೂತ್ಕೊಳಪ್ಪ ಅನ್ನುತ್ತಿದ್ದೆ. ಇವತ್ತೂ ಅದೇ ಉತ್ತರ.

ಬೀದರಿನ ಬಿದರಿ ಹೂಜಿ ನೋಡಿದ್ದೀರಲ್ಲ? ಸತುವಿಗೆ ಚೂರು ತಾಮ್ರ ಬೆರೆಸಿ ಎರಕ ಹೊಯ್ದು, ಹೂವು ಕೆತ್ತಿ, ಬೆಳ್ಳಿ ಕೂರಿಸಿ, ಕೋಟೆಯ ಮಣ್ಣು ನವಸಾಗರ ಸೇರಿಸಿದ ನೀರಲ್ಲಿ ಹಾಕಿದರೆ ಮೈ ಕಪ್ಪಾಗುತ್ತದೆ, ಬೆಳ್ಳಿ ಬೆಳ್ಳಗೇ ಉಳಿಯುತ್ತದೆ. ಹೂವು ಬೆಳ್ಳಿಯಲ್ಲಿದೆಯೋ ಕಪ್ಪಿನಲ್ಲಿದೆಯೋ? ಗಾಣಗಾಪುರದಲ್ಲಿ ಭೀಮಾ, ಅಮರ್ಜಾ ಕೂಡುತ್ತವೆ. ಮಿಂದವರು ಯಾವ ಹೊಳೆಯಲ್ಲಿ ಮಿಂದರು? ಇದೆಲ್ಲ ಮಾತಿನ ಕಸರತ್ತು ಎಂದು ನಮ್ಮ ಮನೆಯಲ್ಲೇ ಅನ್ನುತ್ತಾರೆ. ಅನ್ನಲಿ.

ಗಾಜಿನಾಚೆಯಿಂದ ಕೈ ತೋರಿಸುತ್ತಿದ್ದಾರೆ, ಸಮಯವಾಯಿತಂತೆ. ಇವತ್ತು ರಾತ್ರಿ ನಾಲ್ಕು ತೊಗರಿ ನೆನೆ ಹಾಕಿ. ಬೇಳೆ ಅಲ್ಲ ಮತ್ತೆ, ಇಡೀ ಕಾಳು. ಅಂಗಡಿಯವರು ಬೇಳೆಯನ್ನೇ ಕಟ್ಟಿಕೊಡುತ್ತಾರೆ, ನೋಡಿ ತನ್ನಿ. ಬೆಳಿಗ್ಗೆ ಮಕ್ಕಳನ್ನು ಪಕ್ಕದಲ್ಲಿ ಕೂರಿಸಿಕೊಂಡು ಉಗುರಿನಿಂದ ಬಿಡಿಸಿ. ನನ್ನ ವಯಸ್ಸಿನವರಿಗೆ ಕನ್ನಡಕ ಬೇಕಾದೀತು. ನಮಸ್ಕಾರ.